ಕಣ್ಣಿಗೆ ಬೀಳದ ಬೇಟೆಗಾರ ತೆರೆಯ ಮೇಲೆ ಬಂದ ಬಗೆ

ಇಂಗ್ಲೆಂಡಿನ ಹಳ್ಳಿಗಾಡಿನಲ್ಲಿ ವೀಸಲ್ ಅಪರೂಪದ ಪ್ರಾಣಿಯೇನಲ್ಲ. ಹೊಲದ ಬದು, ಬೇಲಿಸಾಲು, ಗಾರೆಯಿಲ್ಲದೆ ಪೇರಿಸಿದ ಕಲ್ಲುಗೋಡೆ, ಹುಲ್ಲಿನ ಮೆದೆ, ಹೀಗೆ ಇಲಿ ಇರುವ ಕಡೆಯೆಲ್ಲ ಅದೂ ಇರುತ್ತದೆ. ಆದರೆ ಅಲ್ಲೇ ಹುಟ್ಟಿ ಬೆಳೆದ ರೈತರಿಗೂ ಅದು ಕಾಣುವುದು ಅರೆಕ್ಷಣ. ದಾರಿಯ ಈ ಬದಿಯ ಹುಲ್ಲಿನಿಂದ ಕಂದು ಬಣ್ಣದ್ದೇನೋ ಚಿಮ್ಮಿ ಆ ಬದಿಯ ಹುಲ್ಲಿಗೆ ನುಗ್ಗುತ್ತದೆ. ಅದು ವೀಸಲ್ ಎಂದು ಹೊಳೆಯುವ ಹೊತ್ತಿಗೆ ಹುಲ್ಲು ಅಲುಗುವುದೂ ನಿಂತಿರುತ್ತದೆ. ಇಂಥ ಪ್ರಾಣಿಯ ಬೇಟೆಯನ್ನೂ ಬಾಣಂತನವನ್ನೂ ತೆರೆಯ ಮೇಲೆ ನಿಮಿಷಗಟ್ಟಲೆ ತೋರಿಸಬೇಕೆಂದರೆ ಏನು ಮಾಡಬೇಕು? ಅದೂ ವನ್ಯಜೀವಿ ಚಿತ್ರಗಳ ಆರಂಭದ ದಿನಗಳಲ್ಲಿ? ಸೆನ್ಸರ್ ಇಲ್ಲ, ಡಿಜಿಟಲ್ ಇಲ್ಲ, ಕತ್ತಲಲ್ಲಿ ನೋಡುವ ಕ್ಯಾಮೆರಾ ಇಲ್ಲ. ಕೀಲಿ ಕೊಟ್ಟು ಓಡಿಸುವ ಯಂತ್ರ ಮತ್ತು ಫಿಲ್ಮಿನ ಸುರುಳಿ, ಅಷ್ಟೇ.

ಪ್ರಾಣಿಯ ಹಿಂದೆ ಓಡಿದವರಿಗೆ ಏನೂ ದಕ್ಕಲಿಲ್ಲ. ಅದು ಬಂದೇ ಬರುವ ಜಾಗ ಯಾವುದೆಂದು ಮೊದಲೇ ತಿಳಿದು, ಆ ಜಾಗವನ್ನು ಕ್ಯಾಮೆರಾಗೆ ಅಣಿಗೊಳಿಸಿ ಕಾದವರಿಗೆ ದಕ್ಕಿತು. ವನ್ಯಜೀವಿ ಚಿತ್ರಗಳ ಮೊದಲ ಅರ್ಧ ಶತಮಾನದ ಕೌಶಲವೆಲ್ಲ ಈ ಅಣಿಗೊಳಿಸುವಿಕೆಯಲ್ಲೇ ಇದೆ. ಅವರ ಮೋಸಗಳೂ ಅಲ್ಲೇ ಇವೆ. ಎರಡನ್ನೂ ಬಿಡಿಸಿ ನೋಡುವುದು ಬೇಕು; ಇವತ್ತು ಮೊಬೈಲಿನಲ್ಲಿ ನಾವು ನೋಡುವ ಪ್ರಾಣಿಚಿತ್ರಗಳ ಹಿಂದೆಯೂ ಅದೇ ತಂತ್ರಗಳಿವೆ.

ದೇಹ ಸಣ್ಣದು, ಹಸಿವು ದೊಡ್ಡದು

ವೀಸಲ್ ಎಂದೊಡನೆ ಮುಂಗುಸಿಯನ್ನು ನೆನೆಸಿಕೊಂಡರೆ ದಾರಿ ತಪ್ಪುತ್ತದೆ. ಮುಂಗುಸಿಯ ಕುಟುಂಬ ಬೇರೆ. ವೀಸಲ್‌ನ ಬಳಗದಲ್ಲಿರುವುದು ನಮ್ಮ ನೀರುನಾಯಿ, ತರಕರಡಿ, ಪಶ್ಚಿಮ ಘಟ್ಟದ ನೀಲಗಿರಿ ಮಾರ್ಟೆನ್. ಭಾರತದಲ್ಲಿ ವೀಸಲ್‌ಗಳು ಇರುವುದು ಹಿಮಾಲಯದ ಕಡೆ. ಇಲ್ಲಿ ಹೇಳುತ್ತಿರುವುದು ಯುರೋಪ್, ಏಷ್ಯಾ, ಉತ್ತರ ಅಮೆರಿಕಗಳಲ್ಲಿ ಹರಡಿರುವ ಅತಿ ಸಣ್ಣ ಜಾತಿಯ ಬಗ್ಗೆ. ಮಾಂಸಾಹಾರಿ ಸಸ್ತನಿಗಳ ಗಣದಲ್ಲೆಲ್ಲ ಇದಕ್ಕಿಂತ ಚಿಕ್ಕದು ಇನ್ನೊಂದಿಲ್ಲ. ಬ್ರಿಟನ್ನಿನ ಹೆಣ್ಣು ವೀಸಲ್ 60 ಗ್ರಾಂ ಆಸುಪಾಸಿನದು, ಗಂಡು ಅದರ ದುಪ್ಪಟ್ಟು ತೂಗುತ್ತದೆ. ಇದರ ದೊಡ್ಡ ದಾಯಾದಿ ಸ್ಟೋಟ್. ಅದರ ಬಾಲದ ತುದಿ ಕಪ್ಪು, ವೀಸಲ್‌ಗೆ ಆ ಕಪ್ಪು ಕುಚ್ಚಿಲ್ಲ. ದೂರದಿಂದ ಇಬ್ಬರನ್ನು ಬೇರೆ ಮಾಡಿ ಗುರುತಿಸಲು ಅದೇ ಆಧಾರ.

ವೀಸಲ್‌ನ ಮೈಕಟ್ಟು ಹಾಗಿರುವುದಕ್ಕೆ ಕಾರಣ ಅದರ ಆಹಾರ. ವೋಲ್ ಎಂಬ ಹುಲ್ಲುಗಾವಲಿನ ಇಲಿಗಳು ನೆಲದೊಳಗೆ, ಹುಲ್ಲಿನ ಬುಡದಲ್ಲಿ ಸುರಂಗ ಮಾಡಿಕೊಂಡು ಬದುಕುತ್ತವೆ. ಅವುಗಳ ಬೆನ್ನಟ್ಟಿ ಆ ಸುರಂಗದೊಳಕ್ಕೇ ನುಗ್ಗಬಲ್ಲ ಬೇಟೆಗಾರ ವೀಸಲ್. ತಲೆ ತೂರಿದ ತೂತಿನಲ್ಲಿ ಇಡೀ ದೇಹ ತೂರುತ್ತದೆ. ಆದರೆ ಉದ್ದನೆಯ ತೆಳು ಮೈ ಶಾಖವನ್ನು ಹಿಡಿದಿಟ್ಟುಕೊಳ್ಳುವುದಿಲ್ಲ, ಕೊಬ್ಬು ಕೂಡಿಡಲೂ ಜಾಗವಿಲ್ಲ. ಹಾಗಾಗಿ ದಿನಕ್ಕೆ ತನ್ನ ತೂಕದ ಮೂರನೇ ಒಂದು ಭಾಗದಷ್ಟು ತಿನ್ನಲೇಬೇಕು. ಹಗಲು ರಾತ್ರಿ ಎನ್ನದೆ ಸ್ವಲ್ಪ ಹೊತ್ತು ಬೇಟೆ, ಸ್ವಲ್ಪ ಹೊತ್ತು ನಿದ್ದೆ, ಮತ್ತೆ ಬೇಟೆ. ಮಲಗುವುದು ಹೆಚ್ಚಾಗಿ ತಾನು ತಿಂದ ಇಲಿಯ ಗೂಡಿನಲ್ಲೇ. ಇಲಿಯ ರೋಮವನ್ನೇ ಹಾಸಿಕೊಂಡು ಬೆಚ್ಚಗಿರುತ್ತದೆ.

ಚಿತ್ರ ತೆಗೆಯುವವನಿಗೆ ಇದರಲ್ಲಿ ಒಂದು ಕೆಟ್ಟ ಸುದ್ದಿ, ಎರಡು ಒಳ್ಳೆಯ ಸುದ್ದಿ ಇವೆ. ಬೇಟೆಯ ಮುಖ್ಯ ಭಾಗ ನೆಲದೊಳಗೆ ನಡೆಯುತ್ತದೆ, ಕಾಣುವುದಿಲ್ಲ. ಆದರೆ ಪ್ರಾಣಿ ಹಗಲಲ್ಲೂ ಹೊರಬರುತ್ತದೆ. ಸದಾ ಹಸಿದಿರುವುದರಿಂದ ತಿನಿಸು ಸಿಕ್ಕ ಜಾಗಕ್ಕೆ ಮತ್ತೆ ಮತ್ತೆ ಬರುತ್ತದೆ. ಮುಂದೆ ಬಂದ ತಂತ್ರಗಳೆಲ್ಲ ಈ ಮೂರು ಸಂಗತಿಗಳಿಂದ ಹುಟ್ಟಿದವು.

ಇನ್ನೊಂದು ಹಿನ್ನೆಲೆಯನ್ನೂ ಹೇಳಬೇಕು. ಹತ್ತೊಂಬತ್ತನೇ ಶತಮಾನದಲ್ಲಿ ಬ್ರಿಟನ್ನಿನ ಜನರಿಗೆ ವೀಸಲ್ ಚೆನ್ನಾಗಿ ಕಾಣಸಿಗುತ್ತಿದ್ದದ್ದು ಸತ್ತ ಮೇಲೆ. ಜಮೀನುದಾರರ ಬೇಟೆಗಾಡುಗಳಲ್ಲಿ ಬೇಟೆಯ ಹಕ್ಕಿಗಳನ್ನು ಕಾಯುವ ಕಾವಲುಗಾರರು ವೀಸಲ್, ಸ್ಟೋಟ್‌ಗಳನ್ನು ಬೋನಿಟ್ಟು ಕೊಂದು, ತಾವು ಕೆಲಸ ಮಾಡಿದ್ದಕ್ಕೆ ಸಾಕ್ಷಿಯಾಗಿ ಬೇಲಿಯ ತಂತಿಗೆ ಸಾಲಾಗಿ ನೇತುಹಾಕುತ್ತಿದ್ದರು. ಉದ್ದ, ತೂಕ, ಹೊಟ್ಟೆಯಲ್ಲಿ ಏನಿತ್ತು ಎಂಬ ತಿಳಿವಳಿಕೆ ಬಹುಪಾಲು ಇಂಥ ಹೆಣಗಳಿಂದ ಬಂದದ್ದು. ಬದುಕಿರುವ ವೀಸಲ್ ಏನು ಮಾಡುತ್ತದೆ ಎಂಬುದಕ್ಕೆ ಇದ್ದದ್ದು ಕಣ್ಣಾರೆ ಕಂಡವರ ಮಾತು, ಉತ್ಪ್ರೇಕ್ಷೆ, ದಂತಕಥೆ. ಕ್ರೂರಿ, ರಕ್ತ ಹೀರುವುದು, ಸುಮ್ಮಸುಮ್ಮನೆ ಕೊಲ್ಲುವುದು ಎಂಬ ಅಪಖ್ಯಾತಿ ಅದಕ್ಕೆ ಅಂಟಿಕೊಂಡಿತ್ತು. ಅದು ರಕ್ತ ಹೀರುವುದಿಲ್ಲ. ಹೆಚ್ಚಾಗಿ ಕೊಂದದ್ದನ್ನು ಬಚ್ಚಿಟ್ಟುಕೊಂಡು ಆಮೇಲೆ ತಿನ್ನುತ್ತದೆ. ಚಳಿಗಾಲದಲ್ಲಿ ಹಸಿವಿನಿಂದ ಸಾಯದಿರಲು ಬೇರೆ ದಾರಿಯಿಲ್ಲ. ಜೀವಂತ ಪ್ರಾಣಿಯ ಚಿತ್ರ ಬೇಕಾಗಿದ್ದದ್ದು ಇಂಥ ಅಪಖ್ಯಾತಿಯನ್ನು ತೊಳೆಯಲಿಕ್ಕೇ.

ಎತ್ತಿನೊಳಗೆ ಕುಳಿತವರು

ಕದಲುವ ಪ್ರಾಣಿಯನ್ನು ಬಿಡಿಬಿಡಿ ಚಿತ್ರಗಳಾಗಿ ಹಿಡಿಯುವ ಪ್ರಯತ್ನ ಸಿನಿಮಾಕ್ಕಿಂತ ಹಳೆಯದು. ಫ್ರಾನ್ಸಿನ ಶರೀರವಿಜ್ಞಾನಿ ಎಟಿಯೆನ್ ಜೂಲ್ ಮರೇ 1882ರಲ್ಲಿ ಬಂದೂಕಿನ ಆಕಾರದ ಕ್ಯಾಮೆರಾ ಮಾಡಿಕೊಂಡಿದ್ದ. ಕುದುರೆ ಎಳೆದರೆ ಸೆಕೆಂಡಿಗೆ ಹನ್ನೆರಡು ಚಿತ್ರ. ಹಾರುವ ಹಕ್ಕಿಯ ರೆಕ್ಕೆ ಹೇಗೆ ಬಡಿಯುತ್ತದೆಂದು ತಿಳಿಯುವುದು ಅವನ ಉದ್ದೇಶ. ಕಾಡಿನ ಪ್ರಾಣಿಯನ್ನು ಅದರ ಮನೆಯಲ್ಲೇ, ಅದಕ್ಕೆ ಗೊತ್ತಾಗದಂತೆ ನೋಡುವ ಕಲೆ ಬೆಳೆಸಿದವರು ಯಾರ್ಕ್‌ಷೈರಿನ ಸ್ವೇಲ್‌ಡೇಲ್ ಕಣಿವೆಯ ರಿಚರ್ಡ್ ಮತ್ತು ಚೆರಿ ಕಿಯರ್ಟನ್ ಸೋದರರು. 1900ರಲ್ಲಿ ಅವರು ಒಂದು ಎತ್ತಿನ ಚರ್ಮಕ್ಕೆ ಒಳಗಿನಿಂದ ಚೌಕಟ್ಟು ಕೊಟ್ಟು ಟೊಳ್ಳಾದ ಎತ್ತನ್ನೇ ನಿಲ್ಲಿಸಿ, ಅದರ ಹೊಟ್ಟೆಯೊಳಗೆ ಕ್ಯಾಮೆರಾ ಸಮೇತ ಕುಳಿತು ಹಕ್ಕಿಗಳ ಫೋಟೋ ತೆಗೆದರು. ಮೇಯುವ ಎತ್ತಿಗೆ ಹಕ್ಕಿ ಹೆದರುವುದಿಲ್ಲ. ಇಂದು ಛಾಯಾಗ್ರಾಹಕರು ‘ಹೈಡ್’ ಎನ್ನುವ ಮರೆಯ ಮೂಲತತ್ವ ಅದೇ: ಪ್ರಾಣಿ ದಿನವೂ ನೋಡಿ ಅಲಕ್ಷಿಸಿದ ವಸ್ತುವಾಗಿ ಮನುಷ್ಯ ಮಾರ್ಪಡಬೇಕು.

ಚೆರಿ ಕಿಯರ್ಟನ್ ಮುಂದೆ ಸಿನಿಮಾಕ್ಕೆ ಬಂದ. 1907ರಲ್ಲಿ ಆಲಿವರ್ ಪೈಕ್ ಎಂಬಾತ ‘ಇನ್ ಬರ್ಡ್‌ಲ್ಯಾಂಡ್’ ಎಂಬ ಹಕ್ಕಿಗಳ ಚಿತ್ರವನ್ನು ಲಂಡನ್ನಿನಲ್ಲಿ ತೋರಿಸಿದ. 1922ರಿಂದ ‘ಸೀಕ್ರೆಟ್ಸ್ ಆಫ್ ನೇಚರ್’ ಎಂಬ ಕಿರುಚಿತ್ರ ಮಾಲೆ ಬ್ರಿಟನ್ನಿನ ಚಿತ್ರಮಂದಿರಗಳಲ್ಲಿ ಮುಖ್ಯ ಸಿನಿಮಾದ ಜೊತೆಗೆ ಓಡತೊಡಗಿತು. ಇವುಗಳಲ್ಲಿ ಹಕ್ಕಿಗಳದ್ದೇ ಮೇಲುಗೈ. ಕಾರಣ ಸರಳ. ಹಕ್ಕಿಗೆ ಗೂಡಿದೆ, ಗೂಡಿನಲ್ಲಿ ಮೊಟ್ಟೆಯಿದೆ, ಅದು ವಾರಗಟ್ಟಲೆ ಅಲ್ಲಿಗೇ ಮರಳುತ್ತದೆ. ವೀಸಲ್‌ನ ಗೂಡಾದರೋ ಕಲ್ಲಿನ ಸಂದಿಯಲ್ಲೋ ಬೇರಿನಡಿಯಲ್ಲೋ ಇರುತ್ತದೆ. ಗೂಡಿನ ಹತ್ತಿರ ಗದ್ದಲವಾದರೆ ತಾಯಿ ಮರಿಗಳ ಕತ್ತು ಹಿಡಿದು ಬೇರೆ ಕಡೆ ಸಾಗಿಸಿಬಿಡುತ್ತದೆ.

ಅರ್ಧ ನಿಮಿಷದ ಕೀಲಿ

ಆ ಕಾಲದ ಯಂತ್ರದ ಮಿತಿಗಳನ್ನು ಅರಿಯದೆ ಅವರ ಚಿತ್ರಗಳನ್ನು ಅರಿಯಲಾಗದು. ಮೊದಲ ಕ್ಯಾಮೆರಾಗಳನ್ನು ಕೈಯಿಂದ ತಿರುಗಿಸಬೇಕಿತ್ತು. ಸೆಕೆಂಡಿಗೆ ಎರಡು ಸುತ್ತು, ಸುತ್ತಿಗೆ ಎಂಟು ಚಿತ್ರ. ಒಂದು ಕೈ ಹಿಡಿಯನ್ನು ತಿರುಗಿಸುತ್ತಿರುವಾಗ ಇನ್ನೊಂದೇ ಕೈಯಲ್ಲಿ ಫೋಕಸ್ ಮಾಡಬೇಕು, ಕ್ಯಾಮೆರಾವನ್ನೂ ಹೊರಳಿಸಬೇಕು. ಓಡುವ ವೀಸಲ್‌ಗೆ ಇದು ಆಗದ ಮಾತು. ಪೋಲೆಂಡಿನ ಕಾಜಿಮಿಯೆಜ್ ಪ್ರೊಶಿನ್ಸ್ಕಿ ರೂಪಿಸಿದ ಏರೋಸ್ಕೋಪ್ ಕ್ಯಾಮೆರಾ ಒತ್ತಿ ತುಂಬಿದ ಗಾಳಿಯಿಂದ ಓಡುತ್ತಿತ್ತು, ಕೈ ಬಿಡುವಾಯಿತು. ಕಿಯರ್ಟನ್ ಅದನ್ನು ಬಹಳ ಬಳಸಿದ.

1923ರಲ್ಲಿ 16 ಮಿಲಿಮೀಟರ್ ಫಿಲ್ಮ್ ಬಂತು. ಹೊತ್ತಿ ಉರಿಯುವ ಹಳೆಯ ನೈಟ್ರೇಟ್ ಫಿಲ್ಮಿನ ಅಪಾಯ ಇದಕ್ಕಿಲ್ಲ, ಕ್ಯಾಮೆರಾವೂ ಹಗುರ. 1935ರ ಬೋಲೆಕ್ಸ್ ಎಚ್16 ಅಂತೂ ವನ್ಯಜೀವಿ ಚಿತ್ರಕಾರರ ಬಲಗೈಯಾಯಿತು. ಸ್ಪ್ರಿಂಗಿಗೆ ಪೂರ್ತಿ ಕೀಲಿ ಕೊಟ್ಟರೆ, ಸೆಕೆಂಡಿಗೆ 24 ಚಿತ್ರಗಳ ವೇಗದಲ್ಲಿ ಸುಮಾರು ಅರ್ಧ ನಿಮಿಷ ಓಡುತ್ತದೆ. ನೂರು ಅಡಿಯ ಸುರುಳಿ ಎರಡು ಮುಕ್ಕಾಲು ನಿಮಿಷಕ್ಕೆ ಮುಗಿಯುತ್ತದೆ. ವೀಸಲ್‌ನ ಓಟ ಕಣ್ಣಿಗೆ ನಿಲುಕಬೇಕಾದರೆ ನಿಧಾನಗತಿಯಲ್ಲಿ ತೋರಿಸಬೇಕು. ಅಂದರೆ ಚಿತ್ರೀಕರಿಸುವಾಗ ಸೆಕೆಂಡಿಗೆ 64 ಚಿತ್ರ ತೆಗೆಯಬೇಕು. ಆಗ ಒಂದು ಕೀಲಿ ಹತ್ತು ಸೆಕೆಂಡಿಗೆ ಖಾಲಿ, ಸುರುಳಿ ಒಂದು ನಿಮಿಷಕ್ಕೆ ಖಾಲಿ. ಪ್ರಾಣಿ ಕಾಣಿಸಿದ ಮೇಲೆ ಗುಂಡಿ ಒತ್ತಿದರೆ ಅದು ಹೋಗಿಯಾಗಿರುತ್ತದೆ. ಕಾಣುವ ಮೊದಲೇ ಒತ್ತಿದರೆ ಫಿಲ್ಮ್ ಮುಗಿದಿರುತ್ತದೆ. ಯಾವ ಕ್ಷಣದಲ್ಲಿ ಒತ್ತಬೇಕೆಂಬುದನ್ನು ಪ್ರಾಣಿಯ ನಡವಳಿಕೆಯಿಂದಲೇ ಕಲಿಯಬೇಕು.

ಬೆಳಕಿನದ್ದು ಇನ್ನೂ ಕಠಿಣ. 1935ರ ಕೊಡಾಕ್ರೋಮ್ ಬಣ್ಣದ ಫಿಲ್ಮಿನ ವೇಗ, ಅಂದರೆ ಬೆಳಕನ್ನು ಹಿಡಿಯುವ ಚುರುಕು, ಇಂದಿನ ಅಳತೆಯಲ್ಲಿ ಸುಮಾರು 10. ಮೊಬೈಲ್ ಕ್ಯಾಮೆರಾಗಳು ಮಬ್ಬಿನಲ್ಲಿ ಸಾವಿರ ದಾಟುವುದನ್ನು ನೆನೆದರೆ ಎಷ್ಟು ಮಂದವೆಂದು ತಿಳಿದೀತು. ಬಿಸಿಲಿನಲ್ಲಿ ಚಿತ್ರ ಬರುತ್ತದೆ, ಬೇಲಿಯ ನೆರಳಿನಲ್ಲಿ ದೂರದ ಲೆನ್ಸಿಗೆ ಕತ್ತಲೆ. ಸೆಕೆಂಡಿಗೆ ಹೆಚ್ಚು ಚಿತ್ರ ತೆಗೆದಷ್ಟೂ ಪ್ರತಿ ಚಿತ್ರಕ್ಕೆ ಸಿಗುವ ಬೆಳಕು ಇನ್ನಷ್ಟು ಕಡಿಮೆ. ಕಪ್ಪು–ಬಿಳುಪಿನ ಫಿಲ್ಮ್ ಹೆಚ್ಚು ಚುರುಕು. ಬ್ರಿಟನ್ನಿನ ಟೆಲಿವಿಷನ್ 1967ರವರೆಗೂ ಕಪ್ಪು–ಬಿಳುಪಿನದ್ದೇ ಆದ್ದರಿಂದ ಅದೇ ಹೆಚ್ಚು ಬಳಕೆಯಲ್ಲಿತ್ತು.

ದೂರದಿಂದ ಹತ್ತಿರ ತೋರಿಸುವ ಟೆಲಿಫೋಟೋ ಲೆನ್ಸಿಗೆ ತನ್ನದೇ ತೊಡಕಿದೆ. 300 ಮಿಲಿಮೀಟರ್ ಲೆನ್ಸಿನಲ್ಲಿ ಹತ್ತು ಮೀಟರ್ ದೂರದ ವಸ್ತುವಿಗೆ ಫೋಕಸ್ ಮಾಡಿದರೆ, ಚಿತ್ರ ಚೊಕ್ಕವಾಗಿ ಬರುವ ಆಳ ಒಂದು ಗೇಣಿಗಿಂತ ಕಡಿಮೆ. ವೀಸಲ್ ಒಂದು ನೆಗೆತ ನೆಗೆದರೆ ಆ ಗೇಣಿನ ಆಚೆಗಿರುತ್ತದೆ. ಹಳೆಯ ಬೋಲೆಕ್ಸಿನಲ್ಲಿ ಚಿತ್ರ ತೆಗೆಯುವಾಗ ಲೆನ್ಸಿನ ಮೂಲಕವೇ ನೋಡುವಂತಿರಲಿಲ್ಲ. ಆ ಅನುಕೂಲ ಬಂದದ್ದು 1956ರ ರಿಫ್ಲೆಕ್ಸ್ ಮಾದರಿಯಲ್ಲಿ. ಅಲ್ಲಿಯವರೆಗೆ ಫೋಕಸ್ ಎಂದರೆ ಟೇಪು ಹಿಡಿದು ಅಳೆದು ಇಟ್ಟ ದೂರ. ತೆಗೆದದ್ದು ಸರಿಬಂತೇ ಎಂದು ತಿಳಿಯಲು ಫಿಲ್ಮ್ ಲ್ಯಾಬಿಗೆ ಹೋಗಿ ಬರುವವರೆಗೆ ಕಾಯಬೇಕು. ಅಷ್ಟರಲ್ಲಿ ಮರಿಗಳು ಗೂಡು ಬಿಟ್ಟಿದ್ದರೆ ಮುಂದಿನ ವರ್ಷವೇ ಗತಿ.

ಕಲ್ಲುಗೋಡೆಯ ಮುಂದೆ

ಇಷ್ಟೆಲ್ಲ ಮಿತಿಗಳಿದ್ದೂ ಕಾಡಿನಲ್ಲೇ ಚಿತ್ರ ತೆಗೆಯಬೇಕೆಂದರೆ ಕೆಲಸ ಹೀಗೆ ಸಾಗುತ್ತದೆ.

ಮೊದಲು ಓಡಾಟದ ದಾರಿ ಹುಡುಕಬೇಕು. ಹಿಮ ಬಿದ್ದ ದಿನ ಇದಕ್ಕೆ ಒಳ್ಳೆಯದು. ವೀಸಲ್ ನಡೆಯುವುದು ಕಡಿಮೆ, ನೆಗೆಯುವುದೇ ಹೆಚ್ಚು. ಹಿಂಗಾಲು ಮುಂಗಾಲಿನ ಗುರುತಿನ ಮೇಲೇ ಬೀಳುವುದರಿಂದ ಜೋಡಿ ಜೋಡಿ ಹೆಜ್ಜೆ ಮೂಡುತ್ತದೆ, ನಡುವೆ ಹೆಜ್ಜೆಗಳು ಹಿಮದೊಳಕ್ಕೆ ಮಾಯವಾಗಿ ಮುಂದೆಲ್ಲೋ ಮತ್ತೆ ಮೇಲೇಳುತ್ತವೆ. ಕಲ್ಲುಗೋಡೆಯ ಯಾವ ತೂತಿಗೆ ಹೆಜ್ಜೆಗಳು ಹೋಗಿ ಸೇರುತ್ತವೆ ಎಂಬುದನ್ನು ಗುರುತು ಹಾಕಿಕೊಳ್ಳಬೇಕು. ಬೇಸಿಗೆಯಲ್ಲಾದರೆ ಸಣ್ಣ ಹಕ್ಕಿಗಳ ಗಲಾಟೆಯೇ ಸುಳಿವು. ವೀಸಲ್ ಕಂಡರೆ ಅವು ಕೂಡಿ ಕೂಗುತ್ತವೆ.

ಗೋಡೆಗೆ ನುಗ್ಗಿದ ವೀಸಲ್‌ನ ಹಿಂದೆ ಹೋಗಿ ಬಗ್ಗಿ ನೋಡಬಾರದು. ಇದ್ದಲ್ಲೇ ಕಂಬದಂತೆ ನಿಲ್ಲಬೇಕು. ಈ ಪ್ರಾಣಿಗೆ ಕುತೂಹಲ ತಡೆಯಲಾಗದು. ಸ್ವಲ್ಪ ಹೊತ್ತಿಗೆ ಒಂದು ತೂತಿನಿಂದ ಮೂತಿ ಹೊರಹಾಕುತ್ತದೆ, ಮಾಯವಾಗಿ ಇನ್ನೊಂದರಿಂದ ಇಣುಕುತ್ತದೆ, ಧೈರ್ಯ ಬಂದರೆ ಹಿಂಗಾಲ ಮೇಲೆ ನೆಟ್ಟಗೆ ನಿಂತು ನೋಡುತ್ತದೆ. ಹಳ್ಳಿಯ ಕಾವಲುಗಾರರಿಗೆ ಗೊತ್ತಿದ್ದ ಒಂದು ಉಪಾಯವನ್ನು ಚಿತ್ರಕಾರರೂ ಕಲಿತರು: ಅಂಗೈಯ ಹಿಂಬದಿಗೆ ತುಟಿ ಒತ್ತಿ ಗಾಳಿ ಎಳೆದು, ಸಂಕಟದಲ್ಲಿರುವ ಇಲಿ ಅಥವಾ ಮೊಲದ ಕೀರಲು ದನಿ ಹೊರಡಿಸುವುದು. ವೀಸಲ್ ಬಂದೇ ಬರುತ್ತದೆ ಎನ್ನಲಾಗದು, ಆದರೆ ಬರುವ ಸಂಭವ ಹೆಚ್ಚು. ಇದನ್ನು ಅತಿಯಾಗಿ ಮಾಡಬಾರದೆಂಬುದು ನನ್ನ ಖಚಿತ ಅಭಿಪ್ರಾಯ. ಪ್ರತಿ ಗಂಟೆಯೂ ಆಹಾರದ ಲೆಕ್ಕವಿರುವ ಪ್ರಾಣಿಯನ್ನು ಸುಳ್ಳು ಕರೆಯಿಂದ ಮತ್ತೆ ಮತ್ತೆ ಓಡಾಡಿಸುವುದು ಅದರ ಹೊಟ್ಟೆಯ ಮೇಲೆ ಹೊಡೆದಂತೆ.

ಆದರೆ ಇಪ್ಪತ್ತು ತೂತುಗಳಿರುವ ಗೋಡೆಯಲ್ಲಿ ಯಾವ ತೂತಿಗೆ ಫೋಕಸ್ ಮಾಡುವುದು? ಇಲ್ಲಿಂದ ಅಣಿಗೊಳಿಸುವಿಕೆ ಶುರು. ಕೆಲವು ತೂತುಗಳನ್ನು ಕಲ್ಲಿನಿಂದ ಮುಚ್ಚಿ ಒಂದೆರಡನ್ನು ಬಿಡುತ್ತಾರೆ. ಬಿಟ್ಟದ್ದರ ಮುಂದೆ ಸತ್ತ ಇಲಿಯನ್ನಿಟ್ಟು, ಅದು ಕದ್ದೊಯ್ಯದಂತೆ ಗೂಟಕ್ಕೆ ಕಟ್ಟುತ್ತಾರೆ. ಪ್ರಾಣಿ ಎಳೆದಾಡುವ ಅಷ್ಟು ಹೊತ್ತು ಕ್ಯಾಮೆರಾಗೆ ಸಿಗುತ್ತದೆ. ಹೈಡನ್ನು ಒಮ್ಮೆಲೇ ಹತ್ತಿರ ಹಾಕದೆ ದಿನಕ್ಕಿಷ್ಟು ಎಂದು ಮುಂದೆ ಸರಿಸುತ್ತಾರೆ. ಗಾಳಿ ಪ್ರಾಣಿಯ ಕಡೆಯಿಂದ ಮನುಷ್ಯನ ಕಡೆಗೆ ಬೀಸಬೇಕು. ಬಿಸಿಲು ಗೋಡೆಯ ಆ ಮುಖಕ್ಕೆ ಬೀಳುವ ಗಂಟೆಗಳಲ್ಲೇ ಕೆಲಸ.

ಉಳಿಯುವುದು ಸದ್ದು. ಸ್ಪ್ರಿಂಗ್ ಕ್ಯಾಮೆರಾ ಕಟಕಟನೆ ಸದ್ದು ಮಾಡುತ್ತದೆ. ಇಲಿಯ ಕೀರಲನ್ನು ಹುಲ್ಲಿನಾಳದಿಂದ ಕೇಳಿಸಿಕೊಳ್ಳುವ ಕಿವಿಗೆ ಅದು ದೊಡ್ಡ ಗದ್ದಲ. ಕ್ಯಾಮೆರಾಗೆ ಕಂಬಳಿ ಸುತ್ತುವುದು, ಒಳಗೆ ದಪ್ಪ ಬಟ್ಟೆ ಹಾಸಿದ ಪೆಟ್ಟಿಗೆಯಲ್ಲಿ ಕೂರಿಸುವುದು ಒಂದು ದಾರಿ. ಫಿಲ್ಮ್ ಹಾಕದೆ ಬರಿಯ ಯಂತ್ರವನ್ನು ಓಡಿಸಿ ಆ ಸದ್ದಿಗೇ ಪ್ರಾಣಿಯನ್ನು ಒಗ್ಗಿಸುವುದು ಇನ್ನೊಂದು. ದಕ್ಷಿಣ ಇಂಗ್ಲೆಂಡಿನ ನ್ಯೂ ಫಾರೆಸ್ಟ್‌ನ ಎರಿಕ್ ಆಶ್ಬಿ ಈ ಸಹನೆಯಲ್ಲಿ ಎಲ್ಲರಿಗಿಂತ ಮುಂದೆ. ಸಾಕಿದ ಪ್ರಾಣಿಯನ್ನೋ ಕಟ್ಟಿಹಾಕಿದ ಪ್ರಾಣಿಯನ್ನೋ ಬಳಸದೆ, ಮುಕ್ತವಾಗಿ ಓಡಾಡುವ ನರಿಗಳನ್ನೂ ಬ್ಯಾಜರ್‌ಗಳನ್ನೂ ವರ್ಷಗಟ್ಟಲೆ ಹಿಂಬಾಲಿಸಿ ಆತ ತೆಗೆದ ಚಿತ್ರ 1961ರಲ್ಲಿ ‘ದಿ ಅನ್‌ನೋನ್ ಫಾರೆಸ್ಟ್’ ಎಂದು ಬಿಬಿಸಿಯಲ್ಲಿ ಬಂತು. ರಾತ್ರಿ ಸಂಚಾರಿ ಎಂದೇ ಎಲ್ಲರೂ ನಂಬಿದ್ದ ಬ್ಯಾಜರ್ ಹಗಲ ಬೆಳಕಿನಲ್ಲಿ ಓಡಾಡುವುದನ್ನು ಜನ ಕಂಡರು. ಬ್ಯಾಜರ್ ಕೂಡ ವೀಸಲ್‌ನ ಕುಟುಂಬದ್ದೇ. ಸೀಳುನಾಯಿಗಳ ಬೆನ್ನು ಹತ್ತಿ ವರ್ಷಗಳನ್ನೇ ಕಳೆದ ನಮ್ಮ ಕೃಪಾಕರ–ಸೇನಾನಿಯವರ ಕೆಲಸ ಬಲ್ಲವರಿಗೆ ಈ ಬಗೆಯ ಶ್ರಮ ಎಂಥದ್ದೆಂದು ಬಿಡಿಸಿ ಹೇಳಬೇಕಿಲ್ಲ.

ಗಾಜಿನ ಹಿಂದಿನ ಗೂಡು

ಗೋಡೆಯ ಹೊರಗಿನದ್ದು ಇಷ್ಟಾಯಿತು. ಒಳಗಿನದ್ದು? ಇಲ್ಲಿ ದೊಡ್ಡ ಹೆಜ್ಜೆ ಇಟ್ಟವರು ಜರ್ಮನಿಯ ಹೈನ್ಸ್ ಝೀಲ್‌ಮನ್. 1954ರ ಅವರ ಮರಕುಟಿಗದ ಚಿತ್ರದಲ್ಲಿ ಪೊಟರೆಯೊಳಗೆ ಹಕ್ಕಿ ಮರಿಗಳಿಗೆ ಗುಟುಕು ಕೊಡುವುದು ಕಾಣುತ್ತದೆ. ಮರದ ಹಿಂಬದಿಯಿಂದ ಪೊಟರೆಯವರೆಗೆ ಕೊರೆದು, ಅಲ್ಲಿ ಗಾಜು ಕೂರಿಸಿ, ಅದಕ್ಕೆ ಹೊಂದಿಕೊಂಡಂತೆ ಹೈಡ್ ಕಟ್ಟಿ, ಬೆಳಕನ್ನು ಸ್ವಲ್ಪಸ್ವಲ್ಪವೇ ಹೆಚ್ಚಿಸುತ್ತ ಹಕ್ಕಿಯನ್ನು ಒಗ್ಗಿಸಿದರು. 1955ರಲ್ಲಿ ಬಿಬಿಸಿ ಅದನ್ನು ತೋರಿಸಿದಾಗ ಬ್ರಿಟನ್ನಿನ ವೀಕ್ಷಕರು ಬೆರಗಾದರು. ಎರಡು ವರ್ಷದ ನಂತರ ಬ್ರಿಸ್ಟಲ್‌ನಲ್ಲಿ ಬಿಬಿಸಿಯ ಪ್ರಕೃತಿ ಇತಿಹಾಸ ವಿಭಾಗವೇ ಆರಂಭವಾಯಿತು.

ಬಿಲದ ಪ್ರಾಣಿಗಳಿಗೂ ಇದೇ ಉಪಾಯ ಸಲ್ಲುತ್ತದೆ. ನೆಲದ ಸುರಂಗವನ್ನು ಒಂದು ಬದಿಯಿಂದ ಸೀಳಿ ಗಾಜು ಇಡುವುದು, ಅಥವಾ ಮಣ್ಣು ತುಂಬಿದ ದೊಡ್ಡ ಪೆಟ್ಟಿಗೆಯಲ್ಲಿ ಸುರಂಗವನ್ನೇ ನಿರ್ಮಿಸುವುದು. ಎರಡನೆಯದಕ್ಕೆ ಹೊರಗಿನ ವೀಸಲ್ ತಾನಾಗಿ ಬರುವುದು ಕಷ್ಟ. ಹಾಗಾಗಿ ಕೈಯಲ್ಲಿ ಬೆಳೆಸಿದ ಪ್ರಾಣಿ ಬಂತು. ಅನಾಥ ವೀಸಲ್ ಮರಿಯನ್ನು ಮನೆಯಲ್ಲಿ ಸಾಕಿ ಅದರ ನಡವಳಿಕೆಯನ್ನು ಬರೆದಿಟ್ಟ ಫಿಲ್ ಡ್ರ್ಯಾಬಲ್ ಅವರ ಪುಸ್ತಕ 1957ರಲ್ಲಿ ಬಂತು. ಸಾಕಿದ ಪ್ರಾಣಿಯಿಂದ ಕಲಿಯುವುದು ಬಹಳಷ್ಟಿದೆ. ಆಟ, ನಿದ್ದೆ, ದನಿ, ಬೆನ್ನಟ್ಟುವ ರೀತಿ ಎಲ್ಲವೂ ನಿಜವೇ. ಅದು ಎಷ್ಟು ದೂರ ಅಲೆಯುತ್ತದೆ, ಯಾರಿಗೆ ಹೆದರುತ್ತದೆ, ಬೇಟೆ ಎಷ್ಟು ಸಲ ಕೈತಪ್ಪುತ್ತದೆ ಎಂಬುದು ಮಾತ್ರ ಅಲ್ಲಿ ಸಿಗುವುದಿಲ್ಲ.

ಸ್ವೀಡನ್ನಿನ ಆರ್ನೆ ಸುಕ್ಸ್‌ಡಾರ್ಫ್ 1953ರಲ್ಲಿ ಮಾಡಿದ ‘ದಿ ಗ್ರೇಟ್ ಅಡ್ವೆಂಚರ್’ ಸಾಕಿದ್ದಕ್ಕೂ ಕಾಡಿನದ್ದಕ್ಕೂ ನಡುವಿನ ಗೆರೆಯ ಮೇಲೇ ನಡೆಯುವ ಚಿತ್ರ. ಇಬ್ಬರು ಹುಡುಗರು ಒಂದು ನೀರುನಾಯಿಯನ್ನು ಉಳಿಸಿ ಅಟ್ಟದಲ್ಲಿ ಗುಟ್ಟಾಗಿ ಸಾಕುವ ಕಥೆ. ಹುಡುಗರಲ್ಲಿ ಒಬ್ಬ ನಿರ್ದೇಶಕರ ಮಗನೇ. ಕಥೆ ಕಟ್ಟಿದ್ದು, ಕಾಡು ನಿಜದ್ದು, ಮತ್ತು ಆ ಚಿತ್ರ ತಾನು ಕಥೆಯೆಂಬುದನ್ನು ಮರೆಮಾಚುವುದಿಲ್ಲ. ಇದೇ ಸುಕ್ಸ್‌ಡಾರ್ಫ್ ಮುಂದೆ ಬಸ್ತರ್‌ಗೆ ಬಂದು ಮುರಿಯಾ ಜನರ ನಡುವೆ ಚಿತ್ರ ಮಾಡಿದರು. ಅದಕ್ಕೆ ಸಂಗೀತ ಕೊಟ್ಟವರು ಪಂಡಿತ್ ರವಿಶಂಕರ್.

ವಿಜ್ಞಾನಿಗಳು ಬೇರೆ ದಾರಿ ಹಿಡಿದರು. ಜರ್ಮನಿಯ ಗಾಟಿಂಗೆನ್‌ನಲ್ಲಿ 1952ರಲ್ಲಿ ಶುರುವಾದ ‘ಎನ್‌ಸೈಕ್ಲೊಪೀಡಿಯಾ ಸಿನೆಮಾಟೊಗ್ರಾಫಿಕಾ’ ಎಂಬ ಚಲನಚಿತ್ರ ಕೋಶದ ಪದ್ಧತಿ ಕಟ್ಟುನಿಟ್ಟು: ಒಂದು ಚಿತ್ರದಲ್ಲಿ ಒಂದು ಜಾತಿ, ಒಂದು ವರ್ತನೆ. ಬೇರೆ ಬೇರೆ ಪ್ರಾಣಿಗಳ ಒಂದೇ ವರ್ತನೆಯನ್ನು ಪಕ್ಕಪಕ್ಕ ಇಟ್ಟು ಹೋಲಿಸುವುದು ಗುರಿ. ಅದೇ ಕಾಲದಲ್ಲಿ ಇರೆನಾಯಸ್ ಐಬ್ಲ್–ಐಬೆಸ್‌ಫೆಲ್ಟ್ ವೀಸಲ್‌ನ ದಾಯಾದಿ ಪೋಲ್‌ಕ್ಯಾಟ್‌ಗಳನ್ನು ಅಭ್ಯಸಿಸಿ ಒಂದು ಸೊಗಸಾದ ಸಂಗತಿ ಕಂಡುಕೊಂಡರು. ಓಡುವ ಇಲಿಯನ್ನು ಬೆನ್ನಟ್ಟುವುದು ಅವಕ್ಕೆ ಹುಟ್ಟಿನಿಂದಲೇ ಬರುತ್ತದೆ. ಕುತ್ತಿಗೆಗೇ ಗುರಿಯಿಟ್ಟು ಕಚ್ಚುವುದನ್ನು ಅನುಭವದಿಂದ ಕಲಿಯಬೇಕು. ಕಾಡಿನಲ್ಲಿ ಅರೆಕ್ಷಣ ಕಂಡವರಿಗೆ ಈ ವ್ಯತ್ಯಾಸ ಎಂದೂ ಗೊತ್ತಾಗುತ್ತಿರಲಿಲ್ಲ.

ಕತ್ತರಿ ಸೇರಿಸಿದ ಬೇಟೆ

ತೆರೆಯ ಮೇಲೆ ನಾವು ಕಾಣುವ ಬೇಟೆ ಬಹುಪಾಲು ಎಡಿಟಿಂಗ್ ಮೇಜಿನ ಮೇಲೆ ಆದದ್ದು. ಇಲಿ ತಲೆಯೆತ್ತಿ ಮೂಸುತ್ತದೆ, ವೀಸಲ್ ಹುಲ್ಲಿನಲ್ಲಿ ಹೊಂಚುತ್ತದೆ, ಇಲಿ ಓಡುತ್ತದೆ, ವೀಸಲ್ ನೆಗೆಯುತ್ತದೆ, ಕೊನೆಗೆ ವೀಸಲ್ ಬಾಯಲ್ಲಿ ಇಲಿ. ಈ ಐದು ತುಣುಕುಗಳು ಐದು ಬೇರೆ ದಿನ ತೆಗೆದವಾಗಿರಬಹುದು. ಇಲಿ ಮತ್ತು ವೀಸಲ್ ಒಬ್ಬರನ್ನೊಬ್ಬರು ಕಂಡೇ ಇಲ್ಲದಿರಬಹುದು. ‘ನಮ್ಮ ನಾಯಕ’ ಎಂದು ನಿರೂಪಕರು ಕರೆಯುವ ಪ್ರಾಣಿ ಮೂರು ವೀಸಲ್‌ಗಳ ಮೊತ್ತವಾಗಿರಬಹುದು. ಸದ್ದಂತೂ ಅಲ್ಲಿಯದಲ್ಲ. ಟೆಲಿಫೋಟೋ ಲೆನ್ಸ್ ದೂರದ ಚಿತ್ರ ತರುತ್ತದೆ, ದೂರದ ಸದ್ದು ತರುವುದಿಲ್ಲ. ಹುಲ್ಲಿನ ಸರಸರ, ಎಲುಬು ಮುರಿಯುವ ಸದ್ದು ಸ್ಟುಡಿಯೋದಲ್ಲಿ ಮಾಡಿ ಸೇರಿಸಿದವು.

ಇದನ್ನೆಲ್ಲ ಮೋಸ ಎನ್ನಲು ನಾನು ತಯಾರಿಲ್ಲ. ವೀಸಲ್ ಹಾಗೆಯೇ ಬೇಟೆಯಾಡುತ್ತದೆ ಎಂದು ತಿಳಿದವರು, ತಾವು ತಿಳಿದದ್ದನ್ನು ಕಾಣುವಂತೆ ಜೋಡಿಸಿದರೆ ಅದು ವಿವರಣೆ. ಪ್ರಾಣಿ ಮಾಡದ್ದನ್ನು ಮಾಡಿದಂತೆ ತೋರಿಸಿದರೆ ಮೋಸ. 1958ರ ಡಿಸ್ನಿ ಚಿತ್ರ ‘ವೈಟ್ ವೈಲ್ಡರ್‌ನೆಸ್’ ಎರಡನೆಯದಕ್ಕೆ ಸಾಕ್ಷಿ. ಲೆಮಿಂಗ್ ಎಂಬ ಪುಟ್ಟ ದಂಶಕಗಳು ಗುಂಪುಗುಂಪಾಗಿ ಸಮುದ್ರಕ್ಕೆ ಬಿದ್ದು ಸಾಯುತ್ತವೆ ಎಂದು ಅದರಲ್ಲಿ ತೋರಿಸಲಾಯಿತು. ಕೆನಡಾದ ಆಲ್ಬರ್ಟಾದಲ್ಲಿ ಚಿತ್ರೀಕರಣ. ಅಲ್ಲಿ ಸಮುದ್ರವೇ ಇಲ್ಲ. ಪ್ರಾಣಿಗಳನ್ನು ಬೇರೆಡೆಯಿಂದ ಕೊಂಡು ತಂದು, ತಿರುಗುವ ಹಲಗೆಯ ಮೇಲೆ ಓಡಿಸಿ, ಕೊನೆಗೆ ನದಿಗೆ ತಳ್ಳಲಾಗಿತ್ತು. ಕೆನಡಾದ ಸಿಬಿಸಿ ವಾಹಿನಿ 1982ರಲ್ಲಿ ‘ಕ್ರೂಯಲ್ ಕ್ಯಾಮೆರಾ’ ಎಂಬ ಕಾರ್ಯಕ್ರಮದಲ್ಲಿ ಇದನ್ನು ಬಯಲಿಗೆಳೆಯಿತು. ಅಷ್ಟರೊಳಗೆ ಚಿತ್ರಕ್ಕೆ ಆಸ್ಕರ್ ಬಂದಾಗಿತ್ತು, ಲೆಮಿಂಗ್‌ಗಳು ಆತ್ಮಹತ್ಯೆ ಮಾಡಿಕೊಳ್ಳುತ್ತವೆ ಎಂಬ ಸುಳ್ಳು ಜಗತ್ತಿನ ತುಂಬ ಬೇರುಬಿಟ್ಟಿತ್ತು. ಇಂದಿಗೂ ಅದನ್ನು ನಂಬುವವರಿದ್ದಾರೆ.

ಬ್ರಿಟನ್ 1937ರಲ್ಲೇ ಒಂದು ಕಾನೂನು ತಂದಿತ್ತು. ಚಿತ್ರೀಕರಣಕ್ಕಾಗಿ ಪ್ರಾಣಿಗೆ ಹಿಂಸೆ ಕೊಟ್ಟು ತೆಗೆದ ದೃಶ್ಯಗಳನ್ನು ಸಾರ್ವಜನಿಕವಾಗಿ ತೋರಿಸುವಂತಿಲ್ಲ. ಜೀವಂತ ಇಲಿಯನ್ನು ವೀಸಲ್ ಮುಂದೆ ಬಿಟ್ಟು ಕೊಲ್ಲಿಸಿ ಚಿತ್ರಿಸುವುದು ಸರಿಯೇ ಎಂಬ ಪ್ರಶ್ನೆ ಮಾತ್ರ ವನ್ಯಜೀವಿ ಚಿತ್ರಗಳನ್ನು ಬಿಡಲಿಲ್ಲ. ಸರಿಯಲ್ಲ ಎಂದೇ ನನ್ನ ಉತ್ತರ. ನೆಗೆತದವರೆಗೆ ತೋರಿಸಿ, ಆಮೇಲೆ ಬಾಯಲ್ಲಿ ಇಲಿ ಹಿಡಿದು ಹೋಗುವುದನ್ನು ತೋರಿಸಿದರೆ ನೋಡುವವನಿಗೆ ಅರ್ಥವಾಗುತ್ತದೆ.

ಕೊಳವೆ, ಪೆಟ್ಟಿಗೆ, ಸಣ್ಣ ಕ್ಯಾಮೆರಾ

ಪ್ರಾಣಿಯೇ ಬಂದು ತನ್ನ ಚಿತ್ರ ತೆಗೆದುಕೊಳ್ಳುವಂತೆ ಮಾಡುವ ಯೋಚನೆಯೂ ಹಳೆಯದೇ. ನಮ್ಮ ದೇಶದ ಶಿವಾಲಿಕ್ ಕಾಡುಗಳಲ್ಲಿ 1920ರ ದಶಕದಲ್ಲಿ ಅರಣ್ಯಾಧಿಕಾರಿ ಎಫ್. ಡಬ್ಲ್ಯು. ಚಾಂಪಿಯನ್ ಕಾಲುದಾರಿಗೆ ತಂತಿ ಕಟ್ಟಿ, ಹುಲಿ ಎಡವಿದರೆ ಫ್ಲಾಶ್ ಹೊತ್ತಿ ಫೋಟೋ ಬರುವಂತೆ ಮಾಡಿದ್ದರು. ಅದೇ ಯೋಚನೆ ಇಂದಿನ ಕ್ಯಾಮೆರಾ ಟ್ರ್ಯಾಪ್ ಆಗಿದೆ. ಆದರೆ ಹುಲಿಯ ಎತ್ತರಕ್ಕೆ ಕಟ್ಟಿದ ಕ್ಯಾಮೆರಾಗೆ ವೀಸಲ್ ಕಾಣುವುದಿಲ್ಲ, ಕಂಡರೂ ಒಂದು ಕಂದು ಗೀರು. ನೆದರ್ಲೆಂಡ್ಸ್‌ನಲ್ಲಿ ಇದಕ್ಕೊಂದು ಸರಳ ಪರಿಹಾರ ಹುಟ್ಟಿತು. ‘ಮೊಸ್ಟೆಲಾ’ ಎಂಬ ಮರದ ಪೆಟ್ಟಿಗೆಯೊಳಗೆ ಒಂದು ಕೊಳವೆ ಹಾಯುತ್ತದೆ. ತೂತು ಕಂಡಲ್ಲಿ ತೂರುವುದು ವೀಸಲ್‌ನ ಸ್ವಭಾವವಲ್ಲವೇ, ಕೊಳವೆಗೆ ನುಗ್ಗುತ್ತದೆ. ಒಳಗಿನ ಕ್ಯಾಮೆರಾ ಹತ್ತಿರದಿಂದ, ಅಳೆದಿಟ್ಟ ದೂರದಲ್ಲಿ ಚಿತ್ರ ತೆಗೆಯುತ್ತದೆ. ಬೋನಿಲ್ಲ, ಮಾಂಸದ ಆಸೆಯೂ ಬೇಕಿಲ್ಲ. ಯಾರ್ಕ್‌ಷೈರಿನ ಚಿತ್ರಕಲಾವಿದ ರಾಬರ್ಟ್ ಫುಲ್ಲರ್ ತಮ್ಮ ಜಾಗದಲ್ಲಿ ಗೂಡುಪೆಟ್ಟಿಗೆಗಳನ್ನೂ ಸುರಂಗಗಳನ್ನೂ ಮಾಡಿ ಒಳಗೆ ಸಣ್ಣ ಕ್ಯಾಮೆರಾಗಳನ್ನಿಟ್ಟರು. ಕಾಡಿನ ವೀಸಲ್ ತಾನಾಗಿ ಬಂದು ಅಲ್ಲಿ ಮರಿ ಹಾಕಿ ಬೆಳೆಸಿದ್ದು ಜಗತ್ತಿಗೇ ಕಾಣುವಂತಾಯಿತು. ಮಣ್ಣಿನ ಪೆಟ್ಟಿಗೆಗೆ ಕಾಡಿನ ವೀಸಲ್ ಬರುವುದು ಕಷ್ಟವೆಂದಿದ್ದ ಕಾಲ ಹೋಯಿತು.

ಕರ್ನಾಟಕದವರಿಗೆ ಈ ಬಳಗದ ಪ್ರಾಣಿಗಳನ್ನು ನೋಡಲು ಇಂಗ್ಲೆಂಡಿಗೆ ಹೋಗಬೇಕಿಲ್ಲ. ಕೊಡಗಿನ ಬೆಟ್ಟಗಾಡಿನಲ್ಲಿ ನೀಲಗಿರಿ ಮಾರ್ಟೆನ್ ಇದೆ, ಆದರೆ ಅದು ಕಾಣುವುದು ಬಹಳ ಅಪರೂಪ. ನೀರುನಾಯಿ ಹಾಗಲ್ಲ. ತುಂಗಭದ್ರೆಯ ಉದ್ದಕ್ಕೆ ಮುದ್ಲಾಪುರದಿಂದ ಕಂಪ್ಲಿಯವರೆಗಿನ 34 ಕಿಲೋಮೀಟರನ್ನು 2015ರಲ್ಲಿ ನೀರುನಾಯಿ ಸಂರಕ್ಷಿತ ಪ್ರದೇಶವೆಂದು ಸರ್ಕಾರ ಘೋಷಿಸಿದೆ. ಹಂಪಿಯ ಬಂಡೆಗಳ ನಡುವೆ ಬೆಳಗಿನ ಹೊತ್ತು ತಾಳ್ಮೆಯಿಂದ ಕುಳಿತವರಿಗೆ ಅವು ಮೀನು ಹಿಡಿಯುವುದು ಕಾಣಸಿಗಬಹುದು. ಕ್ಯಾಮೆರಾ ಹಿಡಿದು ಹೋಗುವವರಲ್ಲಿ ನನ್ನ ಕೋರಿಕೆ ಇಷ್ಟು. ಗಾಳಿಗೆ ಎದುರಾಗಿ, ಬಂಡೆಗೆ ಬೆನ್ನು ಕೊಟ್ಟು ಕುಳಿತುಕೊಳ್ಳಿ. ಮರಿಗಳಿರುವ ಪೊಟರೆಯ ಹತ್ತಿರ ಹೋಗಬೇಡಿ, ಅದು ಎಲ್ಲಿದೆಯೆಂದು ಯಾರಿಗೂ ಹೇಳಬೇಡಿ, ಫೋಟೋ ಜೊತೆಗೆ ಜಾಗದ ಗುರುತು ಹಾಕಬೇಡಿ. ಮೀನು ಎಸೆದು ಕರೆಯಬೇಡಿ. ಡ್ರೋನ್ ಹಾರಿಸಬೇಡಿ. ಮೊಬೈಲಿನಲ್ಲಿ ಯಾರೋ ಕಳಿಸಿದ ಪ್ರಾಣಿಬೇಟೆಯ ವಿಡಿಯೋ ಬಂದರೆ ಮುಂದಕ್ಕೆ ಕಳಿಸುವ ಮೊದಲು ಅದು ಎಲ್ಲಿ, ಹೇಗೆ ತೆಗೆದದ್ದೆಂದು ಒಂದು ಮಾತು ಕೇಳಿ.